ಹಸಿ ಅಡಿಕೆಗೆ ಚಾಲಿಯ ಸದ್ದು

(ಸಿನಿಮಾ ಶಬ್ದಗ್ರಹಣದ ಬಗ್ಗೆ ಶಿವಮೊಗ್ಗದಲ್ಲಿ ಆಡಿದ ಮಾತುಗಳ ಬರಹ ರೂಪ)

ಮೂವತ್ತು ವರ್ಷದ ಹಿಂದಿನ ಮಾತು. ನಾನು ಸೌಂಡ್ ಅಸಿಸ್ಟೆಂಟ್ ಆಗಿ ದುಡಿದ ಒಂದು ಕನ್ನಡ ಸಿನಿಮಾ ತೀರ್ಥಹಳ್ಳಿಯ ಟಾಕೀಸಿಗೆ ಬಂತು. ದೊಡ್ಡಮ್ಮನನ್ನು ಕರೆದುಕೊಂಡು ಹೋದೆ. ಆ ಸಿನಿಮಾದಲ್ಲಿ ಒಂದು ರಾತ್ರಿಯ ದೃಶ್ಯ ಇದೆ. ಅಂಗಳದ ಚಪ್ಪರದ ಕೆಳಗೆ ಒಂದೇ ಬಲ್ಬು. ಏಳೆಂಟು ಹೆಂಗಸರು ಮರದ ಮಣೆಗೆ ನೆಟ್ಟ ಮೆಟ್ಟುಗತ್ತಿಯ ಮುಂದೆ ಸಾಲಾಗಿ ಕೂತು ಅಡಿಕೆ ಸುಲಿಯುತ್ತಾರೆ. ಮಾತಿಲ್ಲ, ಸಂಗೀತ ಇಲ್ಲ. ಸುಮಾರು ಒಂದು ನಿಮಿಷ ಬರೀ ಸುಲಿಯುವ ಸದ್ದು. ಆ ಸದ್ದು ಸೇರಿಸುವುದರಲ್ಲಿ ನನ್ನ ಕೈಯೂ ಇತ್ತು. ವಾಪಸ್ ಬರುವಾಗ ಬಸ್ಸಿನಲ್ಲಿ ಕೇಳಿದೆ, "ಹೇಗಿತ್ತು ದೊಡ್ಡಮ್ಮ?" ಅವರು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಹೇಳಿದರು: "ಚೆನ್ನಾಗಿತ್ತು. ಆದ್ರೆ ಅದೇನೋ ಅದು, ತೋರಿಸೋದು ಹಸಿ ಅಡಿಕೆ, ಕೇಳಿಸೋದು ಚಾಲಿ?"

ಇಲ್ಲಿ ಕೂತಿರುವ ಹೆಚ್ಚಿನವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಬೇರೆ ಊರಿನಿಂದ ಬಂದ ವಿದ್ಯಾರ್ಥಿಗಳಿಗಾಗಿ ಹೇಳುತ್ತೇನೆ. ನಮ್ಮ ಕಡೆ ಕೆಂಪಡಿಕೆ ಮಾಡಲು ಕಾಯಿ ಹಸಿ ಇರುವಾಗಲೇ ಸುಲಿದು, ಚೊಗರಿನಲ್ಲಿ, ಅಂದರೆ ಅಡಿಕೆ ಬೇಯಿಸಿ ಉಳಿದ ಒಗರು ನೀರಿನಲ್ಲಿ, ಬೇಯಿಸಿ ಒಣಗಿಸುತ್ತಾರೆ. ಚಾಲಿ ಅಂದರೆ ಹಣ್ಣಡಿಕೆಯನ್ನು ಸಿಪ್ಪೆ ಸಮೇತ ತಿಂಗಳ ಮೇಲೆ ಬಿಸಿಲಿಗೆ ಹಾಕಿ, ಚೆನ್ನಾಗಿ ಒಣಗಿದ ಮೇಲೆ ಸುಲಿಯುವುದು. ಹಸಿ ಅಡಿಕೆಗೆ ಕತ್ತಿ ಕಚಕ್ ಅಂತ ಇಳಿಯುತ್ತದೆ. ಸಿಪ್ಪೆ ಚರ್ರ್ ಅಂತ ಒದ್ದೆಯಾಗಿ ಹರಿಯುತ್ತದೆ. ಬುಟ್ಟಿಗೆ ಬಿದ್ದರೆ ತೊಪ್ ಅನ್ನುತ್ತದೆ. ಚಾಲಿ ಹಾಗಲ್ಲ, ಟಕ್ ಅಂತ ಸೀಳುತ್ತದೆ. ಬಿದ್ದರೆ ಗೋಲಿಯ ಹಾಗೆ ಕಟಕಟ. ನಾವು ಮದರಾಸಿನಲ್ಲಿ ಎಫೆಕ್ಟ್ಸ್, ಅಂದರೆ ದೃಶ್ಯಕ್ಕೆ ಬೇಕಾದ ಸದ್ದುಗಳನ್ನು, ಮಾಡುವಾಗ ಹಸಿ ಅಡಿಕೆ ಸಿಗಲಿಲ್ಲ. ಮಾರ್ಕೆಟ್ಟಿನಲ್ಲಿ ಸಿಕ್ಕಿದ್ದು ಒಣಗಿದ್ದು. ಅದನ್ನೇ ಸುಲಿದು ರೆಕಾರ್ಡ್ ಮಾಡಿದೆವು. ನನಗೆ ವ್ಯತ್ಯಾಸ ಗೊತ್ತಿತ್ತು. ಚಿಕ್ಕಂದಿನಿಂದ ಆ ಸದ್ದಿನಲ್ಲೇ ಮಲಗಿ ಎದ್ದವನು ನಾನು. ಆದರೂ ಬಾಯಿ ಬಿಡಲಿಲ್ಲ. ಯಾರಿಗೆ ಗೊತ್ತಾಗುತ್ತದೆ ಅಂದುಕೊಂಡೆ.

ದೊಡ್ಡಮ್ಮನಿಗೆ ಗೊತ್ತಾಯಿತು. ಆ ಟಾಕೀಸಿನಲ್ಲಿ ಅವತ್ತು ಕೂತಿದ್ದ ಇನ್ನೂ ಎಷ್ಟೋ ಹೆಂಗಸರಿಗೆ ಗೊತ್ತಾಗಿರಬೇಕು. ಇವತ್ತು ನಾನು ಹೇಳಬೇಕಾದದ್ದೆಲ್ಲ ಆ ಒಂದು ಮಾತಿನಿಂದ ಹುಟ್ಟಿದ್ದು. ಒಂದು ಜಾಗದ ಕಥೆ ಹೇಳುವಾಗ ಆ ಜಾಗದ ಸದ್ದನ್ನೇ ಕೊಡಬೇಕು. ಎಲ್ಲಿಂದಲೋ ತಂದ ಸದ್ದು ಹಾಕಿದರೆ ಆ ಊರಿನವರಿಗೆ ಮೋಸ ಮಾಡಿದ ಹಾಗೆ.

ನಾನು ಈ ಕೆಲಸಕ್ಕೆ ಬಂದದ್ದು ಹೇಗೆ ಅಂತ ಬಹಳ ಜನ ಕೇಳುತ್ತಾರೆ. ನಮ್ಮ ಊರಿನ ಹತ್ತಿರ ಒಂದು ಶೂಟಿಂಗ್ ನಡೆದಿತ್ತು. ನಾನಾಗ ಪಿಯುಸಿ. ಊರಿನವರೆಲ್ಲ ಹೀರೋ ಸುತ್ತ. ಹಲಸಿನ ಮರದ ಬುಡದಲ್ಲಿ ಒಬ್ಬರು ಒಂದು ಪೆಟ್ಟಿಗೆ ಮುಂದಿಟ್ಟುಕೊಂಡು, ಕಿವಿಗೆ ಹೆಡ್‌ಫೋನ್ ಹಾಕಿಕೊಂಡು, ಕಣ್ಣು ಮುಚ್ಚಿ ಕೂತಿದ್ದರು. ನಿದ್ದೆ ಮಾಡುತ್ತಿದ್ದಾರೆ ಅಂದುಕೊಂಡು ಹತ್ತಿರ ಹೋದೆ. ಕಣ್ಣು ಬಿಟ್ಟು ನನ್ನನ್ನು ನೋಡಿ, ಒಂದು ಮಾತೂ ಆಡದೆ ಹೆಡ್‌ಫೋನ್ ತೆಗೆದು ನನ್ನ ತಲೆಗೆ ಹಾಕಿದರು.

ಅದು ನಮ್ಮದೇ ತೋಟ. ಆದರೆ ನಾನು ಅದನ್ನು ಮೊದಲ ಸಲ ಕೇಳಿದ್ದು ಆಗ. ಸೋಗೆ ಸೋಗೆಗೆ ತಾಗುವ ಸದ್ದು. ಕಾಲುವೆಯಲ್ಲಿ ನೀರು ಕಲ್ಲು ಸುತ್ತಿಕೊಂಡು ಹೋಗುವ ಸದ್ದು. ಎಲ್ಲೋ ಆಚೆ ದಿಬ್ಬದ ಮೇಲೆ ಯಾರೋ ದನಗಳನ್ನು ಕೂಗಿ ಕರೆಯುವುದು. ಇದೆಲ್ಲ ಯಾವಾಗಲೂ ಇತ್ತು ಅಲ್ವಾ? ನನ್ನ ಕಿವಿಯೇ ಅಲ್ಲಿ ಇರಲಿಲ್ಲ.

ಆ ಪೆಟ್ಟಿಗೆ ನಾಗ್ರಾ ರೆಕಾರ್ಡರ್. ಪೋಲೆಂಡಿನಲ್ಲಿ ಹುಟ್ಟಿ ಸ್ವಿಟ್ಜರ್ಲೆಂಡಿನಲ್ಲಿ ನೆಲೆಸಿದ ಸ್ಟೀಫನ್ ಕುಡೆಲ್ಸ್ಕಿ ಎಂಬ ಎಂಜಿನಿಯರ್ ಮಾಡಿದ್ದು. ಪೋಲಿಷ್ ಭಾಷೆಯಲ್ಲಿ ನಾಗ್ರಾ ಅಂದರೆ "ರೆಕಾರ್ಡ್ ಮಾಡುತ್ತದೆ" ಎಂದು ಅರ್ಥ. ಕಾಲು ಇಂಚಿನ ಟೇಪು, 12 ದೊಡ್ಡ ಸೆಲ್ಲು. ಹೆಗಲಿಗೆ ಹಾಕಿಕೊಂಡು ಗುಡ್ಡ ಹತ್ತಿದರೆ ಸಂಜೆ ಹೊತ್ತಿಗೆ ಪಟ್ಟಿ ಕುಯ್ದ ಗುರುತು ಬೀಳುತ್ತಿತ್ತು. ಮುಂದೆ ನಾನು ಹತ್ತು ವರ್ಷ ಅದನ್ನು ಹೊತ್ತೆ.

ಓದಿದ್ದು ಬೆಂಗಳೂರಿನ ಎಸ್.ಜೆ. ಪಾಲಿಟೆಕ್ನಿಕ್‌ನಲ್ಲಿ. 1943ರಲ್ಲಿ ಶುರುವಾದ ಸಂಸ್ಥೆ. ಕ್ಯಾಮೆರಾಮನ್ ವಿ.ಕೆ. ಮೂರ್ತಿ, ಗೋವಿಂದ ನಿಹಲಾನಿ ಅಲ್ಲಿ ಕಲಿತವರು. ಅವರ ಹೆಸರು ಕೇಳಿ ಕ್ಯಾಮೆರಾ ಕೋರ್ಸಿಗೆ ಬರುವವರು ಜಾಸ್ತಿ. ಸೌಂಡಿಗೆ ಬರುವವರು ಕಡಿಮೆ. ಆಮೇಲೆ ಮದರಾಸು. ಕನ್ನಡ ಸಿನಿಮಾದ ಹೆಚ್ಚಿನ ಶಬ್ದದ ಕೆಲಸ ಬಹಳ ಕಾಲ ಅಲ್ಲೇ ನಡೆಯುತ್ತಿತ್ತು. ಶಂಕರ್ ನಾಗ್ ಬೆಂಗಳೂರಿನಲ್ಲಿ ಸಂಕೇತ್ ಸ್ಟುಡಿಯೋ ಕಟ್ಟಿದ್ದು ನಮ್ಮಂಥವರಿಗೆ ಎಷ್ಟು ದೊಡ್ಡ ವಿಷಯ ಅಂತ ಇವತ್ತಿನವರಿಗೆ ಹೇಳುವುದು ಕಷ್ಟ. ಕನ್ನಡದ ಮಾತು ಕನ್ನಡ ನಾಡಿನಲ್ಲೇ ರೆಕಾರ್ಡ್ ಆಗಲಿ ಅಂತ ಒಬ್ಬರು ಕೈಯಿಂದ ದುಡ್ಡು ಹಾಕಿದರಲ್ಲ, ಆ ಋಣ ದೊಡ್ಡದು.

ಸ್ವಲ್ಪ ಹಿಂದೆ ಹೋಗೋಣ. ಭಾರತದ ಮೊದಲ ಟಾಕಿ "ಆಲಂ ಆರಾ", 1931. ಬೊಂಬಾಯಿಯ ಆ ಸ್ಟುಡಿಯೋ ಪಕ್ಕದಲ್ಲೇ ರೈಲು ಹಳಿ. ಹಾಗಾಗಿ ರೈಲು ಓಡಾಟ ನಿಂತ ಮೇಲೆ, ನಡುರಾತ್ರಿ ಶೂಟಿಂಗ್. ಮೈಕುಗಳನ್ನು ನಟರ ಹತ್ತಿರವೇ ಎಲ್ಲೆಲ್ಲೋ ಅಡಗಿಸಿ ಇಡುತ್ತಿದ್ದರು. ಕನ್ನಡದ ಮೊದಲ ಟಾಕಿ "ಸತಿ ಸುಲೋಚನಾ" 1934ರಲ್ಲಿ ಬಂತು. ಚಿತ್ರೀಕರಣ ಕೊಲ್ಹಾಪುರದಲ್ಲಿ. ಅದರ ಪ್ರಿಂಟ್ ಉಳಿದಿಲ್ಲ. ತೆರೆಯ ಮೇಲೆ ಕನ್ನಡ ಮೊದಲ ಸಲ ಮಾತಾಡಿದಾಗ ಹೇಗೆ ಕೇಳಿಸಿತು ಅಂತ ನಾವು ಯಾರೂ ಇನ್ನು ಕೇಳಲಾರೆವು. ಫೋಟೋಗಳಿವೆ, ಬರಹಗಳಿವೆ, ದನಿ ಇಲ್ಲ. ಇದು ನನ್ನನ್ನು ಬಹಳ ಕಾಡುವ ಸಂಗತಿ.

ಆ ಕಾಲದಲ್ಲಿ ನಟರು ಕ್ಯಾಮೆರಾ ಮುಂದೆ ಆಡಿದ ಮಾತೇ ಸಿನಿಮಾದ ಮಾತು. ಆಮೇಲೆ ಕೈಯಲ್ಲಿ ಹಿಡಿಯುವ ಹಗುರದ ಕ್ಯಾಮೆರಾಗಳು ಬಂದವು. ಓಡಿದರೆ ಹೊಲಿಗೆ ಮೆಷಿನ್ ಹಾಗೆ ಕಟಕಟ ಸದ್ದು. ಸ್ಟುಡಿಯೋ ಬಿಟ್ಟು ಹೊರಗೆ ಹೋದರೆ ಜನರೇಟರ್, ಜನರ ಗಲಾಟೆ, ಬಸ್ಸಿನ ಹಾರ್ನು. ಹಾಗಾಗಿ ಮಾತನ್ನು ಆಮೇಲೆ ಡಬ್ಬಿಂಗ್ ಥಿಯೇಟರಿನಲ್ಲಿ ಕೂತು ಸೇರಿಸುವುದೇ ಪದ್ಧತಿಯಾಯಿತು. ಲೊಕೇಶನ್ನಿನಲ್ಲಿ ನಾವು ರೆಕಾರ್ಡ್ ಮಾಡುತ್ತಿದ್ದದ್ದು ಬರೀ ಪೈಲಟ್ ಟ್ರ್ಯಾಕ್. ಅಂದರೆ ಡಬ್ಬಿಂಗ್ ಮಾಡುವಾಗ ನಟರಿಗೆ ಏನು ಮಾತಾಡಿದ್ದೆ ಅಂತ ನೆನಪು ಮಾಡಿಕೊಡುವ ಒಂದು ಗುರುತು, ಅಷ್ಟೇ. ಡಬ್ಬಿಂಗ್ ಮುಗಿದ ಮೇಲೆ ಅದನ್ನು ಕೇಳುವವರಿಲ್ಲ.

ಆ ಪೈಲಟ್ ಟ್ರ್ಯಾಕುಗಳಲ್ಲಿ ಎಂಥೆಂಥ ಮಾತು ಕೇಳಿದ್ದೇನೆ! ಮಳೆಯಲ್ಲಿ ನೆನೆದು ನಡುಗುತ್ತಾ ಆಡಿದ ಮಾತಿಗೂ, ಆರು ತಿಂಗಳಾದ ಮೇಲೆ ಎಸಿ ರೂಮಿನಲ್ಲಿ ನಿಂತು ಆಡಿದ ಮಾತಿಗೂ ಬಹಳ ವ್ಯತ್ಯಾಸ. ನಡುಕವನ್ನು ನಟಿಸಬಹುದು. ಉಸಿರಿನಲ್ಲಿರುವ ಚಳಿಯನ್ನು ನಟಿಸುವುದು ಕಷ್ಟ. ಇನ್ನೊಂದು, ನಮ್ಮ ಕಡೆಯ ಸಣ್ಣ ಪಾತ್ರ ಮಾಡಿದ ಹಳ್ಳಿಯವರ ಮಾತನ್ನು ಬೇರೆಯವರಿಂದ ಡಬ್ ಮಾಡಿಸುತ್ತಿದ್ದರು. ಅವರ ಮೈ, ಯಾರದೋ ಕನ್ನಡ. ಸಾಗರದ ಕನ್ನಡ, ಸೊರಬದ ಕನ್ನಡ, ಹೊಸನಗರದ ಕನ್ನಡ ಎಲ್ಲಾ ಒಂದೇ ಅಳತೆಗೆ ಬಂದುಬಿಡುತ್ತಿತ್ತು.

ಮಿಕ್ಸಿಂಗ್ ಬಗ್ಗೆ ಚಿಕ್ಕದಾಗಿ ಹೇಳುತ್ತೇನೆ. ಒಂದು ಸಾವಿರ ಅಡಿಯ ರೀಲು ಅಂದರೆ 11 ನಿಮಿಷ. ಹಳೆಯ ಕಾಲದಲ್ಲಿ ಮಾತು, ಹಾಡು, ಸಂಗೀತ, ಎಫೆಕ್ಟ್ಸ್ ಎಲ್ಲವನ್ನೂ ಒಟ್ಟಿಗೆ ಓಡಿಸಿ, ಕೈಯಲ್ಲಿ ಏರಿಸಿ ಇಳಿಸಿ, ಒಂದೇ ಉಸಿರಿಗೆ ಮಿಕ್ಸ್ ಮಾಡಬೇಕು. ಹತ್ತನೇ ನಿಮಿಷದಲ್ಲಿ ಒಂದು ಬಾಗಿಲ ಸದ್ದು ತಪ್ಪಿದರೆ ಮತ್ತೆ ಮೊದಲಿನಿಂದ. ನನ್ನ ಗುರುಗಳು ಆ ಹನ್ನೊಂದು ನಿಮಿಷ ಕಣ್ಣು ಮಿಟುಕಿಸುತ್ತಿರಲಿಲ್ಲ. ಈಗ ಕಂಪ್ಯೂಟರಿನಲ್ಲಿ ನೂರಾರು ಟ್ರ್ಯಾಕು, ಯಾವುದನ್ನು ಎಲ್ಲಿ ಬೇಕಾದರೂ ತಿದ್ದಬಹುದು. ಒಳ್ಳೆಯದೇ ಆಯಿತು. ನನಗೆ ಹಳೆಯದರ ಮೇಲೆ ಮೋಹ ಇಲ್ಲ.

ನಡುವೆ ಒಂದು ಲೆಕ್ಕ ಹೇಳಿಬಿಡುತ್ತೇನೆ, ವಿದ್ಯಾರ್ಥಿಗಳಿಗೆ ಇಷ್ಟವಾಗುತ್ತದೆ. ಸಿನಿಮಾ ಸೆಕೆಂಡಿಗೆ 24 ಫ್ರೇಮ್. ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಹೋಗುತ್ತದೆ. ಭಾಗಿಸಿ ನೋಡಿ. ಒಂದು ಫ್ರೇಮಿನ ಹೊತ್ತಿನಲ್ಲಿ ಶಬ್ದ 14 ಮೀಟರ್ ಮಾತ್ರ ಹೋಗಿರುತ್ತದೆ. ಅಂದರೆ ತೆರೆಯಿಂದ 28 ಮೀಟರ್ ಹಿಂದೆ ಕೂತವರಿಗೆ ತುಟಿ ಆಡಿ ಎರಡು ಫ್ರೇಮ್ ಆದ ಮೇಲೆ ಮಾತು ಕೇಳುತ್ತದೆ. ನಾವು ಮಿಕ್ಸಿಂಗ್ ಥಿಯೇಟರಿನಲ್ಲಿ ಒಂದು ಫ್ರೇಮ್ ಆಚೀಚೆ ಆಯಿತು ಅಂತ ಮಧ್ಯರಾತ್ರಿವರೆಗೆ ಗುದ್ದಾಡುತ್ತೇವೆ. ಟಾಕೀಸಿನ ಕೊನೇ ಸಾಲಿನವರ ಕಿವಿ ಮನಸ್ಸು ಎರಡೂ ಸೇರಿ ಅದನ್ನು ತಾವೇ ಸರಿ ಮಾಡಿಕೊಂಡುಬಿಡುತ್ತವೆ. ಎಷ್ಟು ದೊಡ್ಡ ಮನಸ್ಸು ಅಲ್ವಾ ಅದು.

ಈಗ ಮಳೆಗೆ ಬರೋಣ. ಮಲೆನಾಡಿನವನು ಸೌಂಡ್ ಬಗ್ಗೆ ಮಾತಾಡಿ ಮಳೆ ಬಿಟ್ಟರೆ ಆಗುವುದಿಲ್ಲ.

ಮೊದಲ ಸಲ ಆಗುಂಬೆಯಲ್ಲಿ ಮಳೆ ರೆಕಾರ್ಡ್ ಮಾಡಿದಾಗ ನನಗೆ ಅಳು ಬರುವಷ್ಟು ನಿರಾಸೆ ಆಯಿತು. ವರ್ಷಕ್ಕೆ 7,000 ಮಿಲಿಮೀಟರಿಗೂ ಮೇಲೆ ಮಳೆ ಬೀಳುವ ಊರು. ಎರಡು ದಿನ ಬಿಡದೆ ಹೊಯ್ಯಿತು. ಟೇಪು ಹಾಕಿ ಕೇಳಿದರೆ ಬಾಣಲೆಯಲ್ಲಿ ಹಪ್ಪಳ ಕರಿದ ಹಾಗೆ. ಬರೀ ಶ್ ಅನ್ನುವ ಒಂದು ಪರದೆ. ಜೋಗದ ಕಥೆಯೂ ಅದೇ. 253 ಮೀಟರಿನಿಂದ ನೀರು ಬೀಳುವುದನ್ನು ಕಣ್ಣಿನಿಂದ ನೋಡಿದರೆ ಮೈ ಜುಮ್ಮೆನ್ನುತ್ತದೆ. ಕಣ್ಣು ಮುಚ್ಚಿ ಟೇಪಿನಲ್ಲಿ ಕೇಳಿದರೆ ಸ್ಟೇಷನ್ ಸಿಗದ ರೇಡಿಯೋ. ಎಲ್ಲಾ ಸದ್ದೂ ಒಟ್ಟಿಗೆ ಬಂದರೆ ಕಿವಿಗೆ ಹಿಡಿಯಲು ಏನೂ ಸಿಗುವುದಿಲ್ಲ.

ಅದಕ್ಕೆ ಮಳೆಯನ್ನು ಬಿಡಿಬಿಡಿಯಾಗಿ ಹಿಡಿಯಬೇಕು. ಹೆಂಚಿನ ಮೇಲೆ ಬೀಳುವ ಮಳೆ ಬೇರೆ. ಸೂರಿನಿಂದ ಅಂಗಳದ ಕಲ್ಲಿಗೆ ಇಳಿಯುವ ನೀರು ಬೇರೆ. ಕೆಸುವಿನ ಎಲೆ ಮೇಲೆ ಬೀಳುವ ಹನಿ, ತೋಟದಲ್ಲಿ ಬಿದ್ದ ಒಣ ಹಾಳೆಯ ಮೇಲೆ ಬೀಳುವ ಹನಿ, ಕೊಟ್ಟಿಗೆಯ ಗೊಬ್ಬರದ ಮೇಲೆ ಬೀಳುವ ಹನಿ, ಒಂದೊಂದೂ ಬೇರೆ. "ಮಳೆ ನಿಂತರೂ ಮರದ ಹನಿ ನಿಲ್ಲಲಿಲ್ಲ" ಅನ್ನುತ್ತೇವಲ್ಲ, ಆ ಮರದ ಹನಿಯನ್ನು ಹಿಡಿಯುವುದಕ್ಕೇ ನಾನು ಒಂದು ಇಡೀ ಬೆಳಿಗ್ಗೆ ಕೊಟ್ಟಿದ್ದೇನೆ. ಇವನ್ನೆಲ್ಲ ಒಂದರ ಮೇಲೊಂದು ಇಟ್ಟು ಕಟ್ಟಿದಾಗ ತೆರೆಯ ಮೇಲೆ ಮಳೆ ಬಂದ ಹಾಗೆ ಆಗುತ್ತದೆ.

ಆದರೆ ಮಳೆಯಲ್ಲಿ ಮೈಕು ಹಿಡಿಯುವುದು ಹೇಗೆ? ಕೊಡೆ ಹಿಡಿದರೆ ಕೊಡೆಯ ಬಟ್ಟೆಯ ಮೇಲೆ ಬಡಬಡ. ಪ್ಲಾಸ್ಟಿಕ್ ಹೊದಿಸಿದರೆ ಇನ್ನೂ ಕೆಟ್ಟದು. ಎರಡು ದಿನ ಒದ್ದಾಡಿದ್ದನ್ನು ನೋಡಿದ ತೋಟದ ಕೆಲಸದ ಹಿರಿಯರೊಬ್ಬರು ತಾವು ಮಳೆಗೆ ಹೊದ್ದಿದ್ದ ಕಂಬಳಿಕೊಪ್ಪೆ ತೆಗೆದು ಕೊಟ್ಟರು. "ಇದನ್ನ ಹಾಕ್ ನೋಡಿ ಹೆಗ್ಗಡೇರೆ, ಇದ್ರ ಮೇಲೆ ಮಳೆ ಬಿದ್ರೆ ನಮಗೇ ಗೊತ್ತಾಗಲ್ಲ" ಅಂದರು. ಎರಡು ಕೋಲು ನೆಟ್ಟು ಮೇಲೆ ಕಂಬಳಿ ಹರವಿ, ಕೆಳಗೆ ಮೈಕು ಇಟ್ಟೆವು. ಕಂಬಳಿಯ ಕೂದಲು ಹನಿಯನ್ನು ಒಡೆದು ನುಂಗಿಬಿಡುತ್ತದೆ, ಸದ್ದೇ ಇಲ್ಲ. ವಿದೇಶದ ರೆಕಾರ್ಡಿಸ್ಟುಗಳು ಇದೇ ಕೆಲಸಕ್ಕೆ ಒರಟು ಕೂದಲಿನ ಚಾಪೆಯಂಥದ್ದನ್ನು ಬಳಸುತ್ತಾರೆ ಅಂತ ನನಗೆ ಗೊತ್ತಾದದ್ದು ಎಷ್ಟೋ ವರ್ಷದ ಮೇಲೆ. ಇವತ್ತಿಗೂ ನನ್ನ ಕಿಟ್ಟಿನಲ್ಲಿ ಒಂದು ಕರಿ ಕಂಬಳಿ ಇದೆ.

ಮಳೆಯಲ್ಲಿ ಇನ್ನೊಂದು ತಪ್ಪು ಬಹಳ ನಡೆಯುತ್ತದೆ. ತೆರೆಯ ಮೇಲೆ ಆಷಾಢದ ಜಡಿಮಳೆ. ಹಿಂದೆ ಢಮಾರ್ ಅಂತ ಗುಡುಗು. ನೀವೇ ಹೇಳಿ, ಪುನರ್ವಸು, ಪುಷ್ಯ ಮಳೆಯಲ್ಲಿ ನಮ್ಮ ಕಡೆ ಎಷ್ಟು ಸಲ ಗುಡುಗಿದೆ? ಗುಡುಗು ಸಿಡಿಲು ಇರುವುದು ಮುಂಗಾರು ಶುರುವಾಗುವ ಮೊದಲು, ಮತ್ತೆ ಚಿತ್ತಾ ಸ್ವಾತಿ ಹೊತ್ತಿಗೆ. ನಡುಮಳೆಗಾಲದಲ್ಲಿ ಗಾಳಿಯ ಸದ್ದು, ನೀರಿನ ಸದ್ದು, ಅಷ್ಟೇ. ಒಮ್ಮೆ ಒಬ್ಬ ನಿರ್ದೇಶಕರ ಜೊತೆ ಇದಕ್ಕೆ ಒಂದು ಇಡೀ ದಿನ ವಾದ ಮಾಡಿದೆ. ಗುಡುಗು ಇಲ್ಲದಿದ್ದರೆ ಮಳೆ ಜೋರು ಅಂತ ಜನಕ್ಕೆ ಅನ್ನಿಸಲ್ಲ ಅಂದರು. ಕೊನೆಗೆ ಗುಡುಗು ತೆಗೆದು, ಸೂರಿನ ನೀರನ್ನು ಸ್ವಲ್ಪ ಹತ್ತಿರ ತಂದು, ದೂರದ ಹಳ್ಳದ ಮೊರೆತ ಸೇರಿಸಿ ಕೇಳಿಸಿದೆ. ಒಪ್ಪಿಕೊಂಡರು.

ಹಕ್ಕಿಯದೂ ಹೀಗೇ. ಹೊರದೇಶದ ಸೌಂಡ್ ಎಫೆಕ್ಟ್ಸ್ ಸಿಡಿಗಳು ಬಂದ ಕಾಲದಲ್ಲಿ ಕಾಡು ಅಂದರೆ ಆ ಸಿಡಿಯ ಕಾಡು. ನಮ್ಮ ಘಟ್ಟದಲ್ಲಿ ಎಂದೂ ಕೂಗದ ಹಕ್ಕಿ ಕೂಗುತ್ತಿತ್ತು. ಇಲ್ಲಿ ಮಳೆಗಾಲದ ಬೆಳಗಿನ ಜಾವ ಹಳ್ಳದ ಬದಿಯಲ್ಲಿ ಸಿಳ್ಳಾರ ಹಕ್ಕಿ ಮನುಷ್ಯ ಸುಮ್ನೆ ಸಿಳ್ಳೆ ಹಾಕಿಕೊಂಡು ಹೋದ ಹಾಗೆ ಹಾಡುತ್ತದೆ. ಕಾಜಾಣ ಬೇರೆ ಹಕ್ಕಿಗಳ ದನಿ ಎಲ್ಲ ಕದ್ದು ಹಾಡುತ್ತದೆ. ಮಂಗಟ್ಟೆ ತಲೆ ಮೇಲೆ ಹಾರಿದರೆ ರೆಕ್ಕೆಯ ಸದ್ದೇ ಒಂದು ಕೂಗು. ಇಷ್ಟು ಇಟ್ಟುಕೊಂಡು ಸಾಲ ಯಾಕೆ ತರಬೇಕು? ಆಗುಂಬೆಯ ದೊಡ್ಡಮನೆ ನೋಡಲು ಬರುವವರನ್ನು ನೋಡಿದ್ದೇನೆ. "ಮಾಲ್ಗುಡಿ ಡೇಸ್" ಚಿತ್ರೀಕರಣ ಆದ ಮನೆ ಅಂತ ಫೋಟೋ ತೆಗೆಯುತ್ತಾರೆ. ಐದು ನಿಮಿಷ ಆ ಜಗಲಿಯಲ್ಲಿ ಕಣ್ಣು ಮುಚ್ಚಿ ಕೂತು ನೋಡಿ ಅಂತ ಹೇಳಬೇಕು ಅನ್ನಿಸುತ್ತದೆ.

ನಮ್ಮ ಕೆಲಸ ಎಷ್ಟು ಕಾಣುವುದಿಲ್ಲ ಅನ್ನುವುದಕ್ಕೆ ಒಂದು ಉದಾಹರಣೆ. ರಾಷ್ಟ್ರ ಪ್ರಶಸ್ತಿಯಲ್ಲಿ ಶಬ್ದಗ್ರಹಣಕ್ಕೆ ಕೆಲವು ವರ್ಷ ಮೂರು ಭಾಗ ಮಾಡಿ ಕೊಡುತ್ತಿದ್ದರು: ಲೊಕೇಶನ್ ರೆಕಾರ್ಡಿಂಗ್, ಸೌಂಡ್ ಡಿಸೈನ್, ಫೈನಲ್ ಮಿಕ್ಸ್. 2022ರಲ್ಲಿ ಘೋಷಣೆಯಾದಾಗ ಲೊಕೇಶನ್ ರೆಕಾರ್ಡಿಂಗ್ ಪ್ರಶಸ್ತಿ ಕನ್ನಡದ "ಡೊಳ್ಳು" ಚಿತ್ರಕ್ಕೆ ಬಂತು. ಅದು ಲೊಕೇಶನ್ನಿನಲ್ಲೇ ಮಾತು ಹಿಡಿದ ಸಿಂಕ್ ಸೌಂಡ್ ಚಿತ್ರಗಳಿಗೆ ಮಾತ್ರ ಇದ್ದ ಪ್ರಶಸ್ತಿ. ಆ ಚಿತ್ರದ ಸೌಂಡ್ ಡಿಸೈನರೇ ಇದು ಡಬ್ ಮಾಡಿದ ಚಿತ್ರ ಅಂತ ಬಹಿರಂಗವಾಗಿ ಹೇಳಿದರು. 2009ರಲ್ಲಿ ಆಸ್ಕರ್ ಗೆದ್ದ ಶಬ್ದಗ್ರಾಹಕ ರಸೂಲ್ ಪೂಕುಟ್ಟಿ ಕೂಡ ದನಿ ಎತ್ತಿದರು. ಚಿತ್ರ ಮಾಡಿದವರ ಮೇಲೆ ನನ್ನದೇನೂ ದೂರು ಇಲ್ಲ. ಡೊಳ್ಳು ನಮ್ಮ ಜಿಲ್ಲೆಯ ಹೆಮ್ಮೆ, ಅದರ ಮೇಲೆ ಸಿನಿಮಾ ಬಂದದ್ದು ಸಂತೋಷ. ಆದರೆ ದೇಶದ ಅತಿ ದೊಡ್ಡ ಪ್ರಶಸ್ತಿ ಕೊಡುವ ಜಾಗದಲ್ಲೂ ಸ್ಥಳದಲ್ಲಿ ಹಿಡಿದ ಮಾತು ಯಾವುದು, ಆಮೇಲೆ ಸೇರಿಸಿದ ಮಾತು ಯಾವುದು ಎಂದು ಯಾರೂ ವಿಚಾರಿಸಲಿಲ್ಲ ಅಲ್ವಾ, ಅದು ನನಗೆ ನೋವು ಕೊಟ್ಟಿತು. ಬಸ್ಸಿನಲ್ಲಿ ಕೂತ ದೊಡ್ಡಮ್ಮನಿಗೆ ಒಂದು ಅಡಿಕೆಯ ಸದ್ದು ಗೊತ್ತಾಗಿತ್ತು.

ಸಿಂಕ್ ಸೌಂಡ್ ಈಗ ವಾಪಸ್ ಬಂದಿದೆ. ಹಿಂದಿಯಲ್ಲಿ 2001ರ "ಲಗಾನ್" ದೊಡ್ಡ ಮಟ್ಟದಲ್ಲಿ ಅದನ್ನು ಮಾಡಿ ತೋರಿಸಿತು. ಕನ್ನಡದಲ್ಲೂ ಹಳ್ಳಿಯ ಜನರೇ ನಟಿಸಿದ ಕೆಲವು ಚಿತ್ರಗಳು ಸಿಂಕ್ ಸೌಂಡಿನಲ್ಲಿ ಬಂದಿವೆ. ಅವರ ಮಾತು ಅವರದಾಗಿಯೇ ಉಳಿಯಿತು. ಇಲ್ಲಿ ಈ ಕೆಲಸ ಕಲಿಯಬೇಕು ಅನ್ನುವ ಹುಡುಗ ಹುಡುಗಿಯರು ಇದ್ದರೆ ಒಂದೆರಡು ಮಾತು. ಮೊದಲ ಎರಡು ವರ್ಷ ಬೂಮ್ ಹಿಡಿಯಬೇಕು. ತಲೆ ಮೇಲೆ ಕೈ ಎತ್ತಿ ಉದ್ದದ ಕೋಲು ಹಿಡಿದು, ನೆರಳು ಬೀಳದ ಹಾಗೆ, ಉಸಿರು ಕೇಳಿಸದ ಹಾಗೆ ನಿಲ್ಲಬೇಕು. ನಟರ ಮಾತು ನಿಮಗೂ ಬಾಯಿಪಾಠ ಆಗಿರಬೇಕು, ಯಾಕೆಂದರೆ ಮುಂದೆ ಯಾರು ಮಾತಾಡುತ್ತಾರೋ ಆ ಕಡೆ ಮೈಕು ಮೊದಲೇ ತಿರುಗಿರಬೇಕು. ಪ್ರತಿ ಜಾಗದಲ್ಲೂ ಎಲ್ಲರನ್ನೂ ನಿಲ್ಲಿಸಿ ಒಂದು ನಿಮಿಷ ಬರೀ ಆ ಜಾಗದ ಮೌನ ರೆಕಾರ್ಡ್ ಮಾಡಿ. ನೂರು ಜನರನ್ನು ಒಂದು ನಿಮಿಷ ಸುಮ್ಮನಿರಿಸುವುದು ಸುಲಭ ಅಲ್ಲ. ಬೈಸಿಕೊಂಡಾದರೂ ಮಾಡಿ. ಆಮೇಲೆ ಆ ಒಂದು ನಿಮಿಷವೇ ಇಡೀ ದೃಶ್ಯವನ್ನು ಕಾಪಾಡುತ್ತದೆ. ಮತ್ತೆ, ಹೆಡ್‌ಫೋನಿನಲ್ಲಿ ಜೋರಾಗಿ ಹಾಡು ಕೇಳುವುದನ್ನು ಇವತ್ತೇ ಕಡಿಮೆ ಮಾಡಿ. ಮನುಷ್ಯನ ಕಿವಿ 20ರಿಂದ 20,000 ಹರ್ಟ್ಸ್‌ವರೆಗೆ ಕೇಳುತ್ತದೆ ಅನ್ನುತ್ತಾರೆ. ವಯಸ್ಸಾದ ಹಾಗೆ ಮೇಲಿನದು ಹೋಗುತ್ತಾ ಬರುತ್ತದೆ. ನನ್ನದು ಈಗ 11,000ದ ಹತ್ತಿರ ನಿಲ್ಲುತ್ತದೆ. ಜೀರುಂಡೆ ಕೇಳುತ್ತದೆ, ಅದರ ಮೇಲಿನ ಸಣ್ಣ ಹುಳುಗಳ ದನಿ ಕೇಳುವುದಿಲ್ಲ. ನನ್ನ ಜೊತೆ ಕೆಲಸ ಮಾಡುವ ಸಾಗರದ ಹುಡುಗಿ ಅವನ್ನು ಕೇಳಿ "ಸರ್, ಇಲ್ಲಿ ಒಂದು ಇದೆ" ಅಂತ ತೆರೆಯ ಮೇಲೆ ತೋರಿಸುತ್ತಾಳೆ. ನಾನು ಅವಳ ಕಿವಿಯನ್ನು ನಂಬುತ್ತೇನೆ.

ದೊಡ್ಡಮ್ಮನ ಮಾತಿಗೆ ವಾಪಸ್ ಬರುತ್ತೇನೆ. ಅವರು ಹಾಗೆ ಹೇಳಿದ ಮುಂದಿನ ಅಡಿಕೆ ಕೊನೆಕೊಯ್ಲಿಗೆ ನಾನು ನಾಗ್ರಾ ಹೊತ್ತುಕೊಂಡು ಮನೆಗೆ ಹೋದೆ. ಸುಲಿಯುವವರ ಸಾಲಿನ ನಡುವೆ ಮೈಕು ಇಟ್ಟೆ. ಮೊದಲ ರಾತ್ರಿ ಸರಿ ಬರಲಿಲ್ಲ. ಮೈಕಿನ ಹತ್ತಿರ ಇದ್ದ ಒಂದು ಕತ್ತಿಯ ಸದ್ದು ಮಾತ್ರ ದೊಡ್ಡದಾಗಿ ಬಂತು. ಎರಡನೇ ರಾತ್ರಿ ಬುಟ್ಟಿಗಳ ಹಿಂದೆ, ನೆಲಕ್ಕೆ ಹತ್ತಿರ ಇಟ್ಟೆ. ಆಗ ತಿಳಿಯಿತು, ನಮಗೆ ಕೇಳುವ ಆ ಸದ್ದಿನಲ್ಲಿ ಅರ್ಧ ಕಾಯಿಯದ್ದು, ಅರ್ಧ ಕತ್ತಿ ನೆಟ್ಟಿರುವ ಮರದ ಮಣೆಯದ್ದು. ಆ ಟೇಪನ್ನು ಆಮೇಲೆ ಬೇರೆ ಬೇರೆ ಚಿತ್ರಗಳಲ್ಲಿ ಬಳಸಿದ್ದೇನೆ.

ಈಗ ನಮ್ಮ ಮನೆಯಲ್ಲೂ ಸುಲಿಯುವ ಮೆಷಿನ್ ಬಂದಿದೆ. ಜನ ಸಿಗುವುದಿಲ್ಲ, ಮೆಷಿನ್ ಬೇಕೇ ಬೇಕು. ಅಂಗಳದಲ್ಲಿ ಮೋಟರಿನ ಸದ್ದು. ಸಾಲಾಗಿ ಕೂತು ಸುಲಿಯುವುದನ್ನು ಈಗ ಕೆಲವೇ ಮನೆಗಳಲ್ಲಿ ಕೇಳಬಹುದು. ದೊಡ್ಡಮ್ಮ ಹೋಗಿ ಹನ್ನೆರಡು ವರ್ಷ ಆಯಿತು.

ಆ ಎರಡನೇ ರಾತ್ರಿಯ ಟೇಪನ್ನು ಇವತ್ತು ತಂದಿದ್ದೇನೆ. ಒಟ್ಟು ನಾಲ್ಕು ನಿಮಿಷ. ಚಿತ್ರಗಳಲ್ಲಿ ಬಳಸುವಾಗ ಮೂರನೇ ನಿಮಿಷದ ಒಂದು ತುಂಡು ಕತ್ತರಿಸಬೇಕಾಗಿತ್ತು. ಇವತ್ತು ಕತ್ತರಿಸಿಲ್ಲ. ಅಲ್ಲಿ ದೊಡ್ಡಮ್ಮ ಹತ್ತಿರ ಬಂದು, ದನಿ ತಗ್ಗಿಸಿ ಕೇಳುತ್ತಾರೆ: "ಈಗ ಸರಿಯಾಗಿ ಬಂತೇನೋ?"

ದಯವಿಟ್ಟು ಆ ಫ್ಯಾನುಗಳನ್ನು ಆಫ್ ಮಾಡಿ.